ಗಡಿನಾಡಿನ ರಾಜ್ಯೋತ್ಸವ ಸಾಹಿತ್ಯ

ಪ್ರತಿವರ್ಷವೂ ನವೆಂಬರ್ 1ನೆಯ ತಾರೀಖು ಸಮೀಪಿಸಿದಂತೆ ಕನ್ನಡ ಸಂಘಗಳಲ್ಲಿ ಎರಡು ಬಗೆಯ ಬರವಣಿಗೆ ಹುಟ್ಟಿಕೊಳ್ಳುತ್ತದೆ. ಒಂದು ನಾಡಗೀತೆ, ಇನ್ನೊಂದು ರಾಜ್ಯೋತ್ಸವದ ಭಾಷಣ. ಇವನ್ನು ನಾವು ಹಬ್ಬದ ಸಂಭ್ರಮವೆಂದು ಆದರಿಸುತ್ತೇವೆಯೇ ಹೊರತು ಸಾಹಿತ್ಯವೆಂದು ಪರೀಕ್ಷಿಸುವ ಗೋಜಿಗೆ ಹೋಗುವುದಿಲ್ಲ. ಆದರೆ ಉರುಕುಂದ, ಕೌತಾಳ, ಆದವಾನಿಗಳಂಥ ಗಡಿಯೂರುಗಳಲ್ಲಿ ಎಷ್ಟೋ ಎಳೆಯರು ಪಠ್ಯಪುಸ್ತಕದ ಹೊರಗೆ ಕೇಳುವ ಸಾಹಿತ್ಯದ ಕನ್ನಡ ಇದೊಂದೇ ಆಗಿರುತ್ತದೆ. ಆದ್ದರಿಂದ ಇದರ ಗುಣದೋಷಗಳನ್ನು ವಿವೇಚಿಸುವುದು ಅನುಚಿತವಾಗಲಾರದೆಂದು ಭಾವಿಸಿದ್ದೇವೆ.

ಗೀತೆಗಳ ಮೊದಲ ದೋಷ ಎರವಲಿನ ನಿಸರ್ಗ. ಸಹ್ಯಾದ್ರಿ, ಕಾವೇರಿ, ಜೋಗ, ಶ್ರೀಗಂಧದ ಕಾಡು ಇವಿಲ್ಲದೆ ಪದ್ಯ ಮುಂದಕ್ಕೆ ಸಾಗುವುದಿಲ್ಲ. ಕುವೆಂಪು ಅವರು ಮಲೆನಾಡನ್ನು ಹಾಡಿದ್ದು ಅದು ಅವರು ಹುಟ್ಟಿ ಬೆಳೆದ ನೆಲವಾದ್ದರಿಂದ. ನಮ್ಮ ಕಣ್ಣೆದುರಿಗಿರುವುದು ಎರೆಹೊಲ, ಹತ್ತಿ, ಜೋಳ, ಬಿಸಿಲಿಗೆ ಕಾದ ಬಂಡೆಗುಡ್ಡ, ತುಂಗಭದ್ರೆಯ ಕೆಳಮಟ್ಟದ ಕಾಲುವೆ. ಆದವಾನಿಯ ಮಾರುಕಟ್ಟೆಗೆ ಬಂದಿಳಿಯುವ ಹತ್ತಿಯ ಬಿಳುಪು ನಮ್ಮ ಕವಿಗೆ ಕಾಣದೆ, ಕಾಣದ ಕಾಡಿನ ಹಸುರು ಕಾಣುವುದು ವಿಚಿತ್ರವಲ್ಲವೆ? ತನ್ನ ಊರನ್ನು ಬಿಟ್ಟು ನಾಡನ್ನು ಹೊಗಳುವ ಕವಿಗೆ ಊರೂ ದಕ್ಕುವುದಿಲ್ಲ, ನಾಡೂ ದಕ್ಕುವುದಿಲ್ಲ.

ಭಾಷಣಗಳ ದೋಷ ಚರಿತ್ರೆಗೆ ಸಂಬಂಧಿಸಿದ್ದು. ನವೆಂಬರ್ 1ರಂದು ನಾವು ತಾಯಿನಾಡಿನಿಂದ ಅಗಲಿದೆವೆಂದು ಶೋಕಿಸುವ ಭಾಷಣಗಳುಂಟು. ನಿಜಸ್ಥಿತಿ ಬೇರೆ. 1953ರ ಅಕ್ಟೋಬರ್ 1ರಂದು ಆಂಧ್ರ ರಾಜ್ಯ ಸ್ಥಾಪನೆಯಾದಾಗಲೇ ಬಳ್ಳಾರಿ ಜಿಲ್ಲೆಯ ಆದವಾನಿ, ಆಲೂರು, ರಾಯದುರ್ಗ ತಾಲ್ಲೂಕುಗಳು ಅತ್ತ ಸೇರಿದವು. ಉಳಿದವು ಮೈಸೂರಿಗೆ ಸಂದವು. 1956ರ ನವೆಂಬರ್ 1 ಏಕೀಕರಣದ ದಿನ. ಅದೇ ದಿನ ಆಂಧ್ರಪ್ರದೇಶವೂ ರೂಪುಗೊಂಡಿತು. ಮೈಸೂರು ರಾಜ್ಯಕ್ಕೆ ಕರ್ನಾಟಕವೆಂಬ ಹೆಸರು ಬಂದುದು 1973ರ ನವೆಂಬರ್ 1ರಂದು. ಹೀಗಿರುವಾಗ ಉರುಕುಂದದವರಿಗೆ ಈ ದಿನ ಎರಡು ರಾಜ್ಯಗಳ ಹುಟ್ಟುಹಬ್ಬ. ಇಂಥ ಸೋಜಿಗದ ಸಂಗತಿ ಯಾವ ಭಾಷಣದಲ್ಲೂ ವಸ್ತುವಾಗಿ ಬಾರದಿರುವುದು ಖೇದಕರ.

ಇನ್ನು ‘ಕವಿರಾಜಮಾರ್ಗ’. ಕಾವೇರಿಯಿಂದ ಗೋದಾವರಿಯವರೆಗಿನ ನಾಡನ್ನು ಹೇಳುವ ಅದರ ಪದ್ಯವನ್ನು ವೇದಿಕೆಯ ಮೇಲೆ ಜಮೀನಿನ ಪಟ್ಟೆಯಂತೆ ಓದಲಾಗುತ್ತದೆ. ಒಂಬತ್ತನೆಯ ಶತಮಾನದ ಆ ಗ್ರಂಥ ಭಾಷೆಯ ನೆಲೆಯನ್ನು ಹೇಳಿತೇ ಹೊರತು ತಾಲ್ಲೂಕುಗಳನ್ನು ಹಂಚಲಿಲ್ಲ. ಪರರ ವಿಚಾರವನ್ನೂ ಪರರ ಧರ್ಮವನ್ನೂ ಸೈರಿಸುವುದೇ ನಿಜವಾದ ಸಂಪತ್ತೆಂದು ಹೇಳಿದುದೂ ಅದೇ ಗ್ರಂಥ. ತೆಲುಗರ ನಡುವೆ ಬಾಳುವ ನಾವು ಈ ಎರಡನೆಯ ಮಾತನ್ನೇ ಮೊದಲು ಓದಬೇಕಾಗಿತ್ತು.

ಉತ್ಸವದ ಪದ್ಯವನ್ನು ಕಾವ್ಯದ ತಕ್ಕಡಿಯಲ್ಲಿ ತೂಗಬಾರದೆಂದೂ, ಅದರ ಕೆಲಸ ಎದೆಯನ್ನು ಬೆಚ್ಚಗಾಗಿಸುವುದಷ್ಟೆ ಎಂದೂ ಕೆಲವರು ಆಕ್ಷೇಪಿಸಬಹುದು. ಈ ಮಾತಿನಲ್ಲಿ ಸತ್ಯವಿದೆ. ಹುಯಿಲಗೋಳ ನಾರಾಯಣರಾಯರ ಗೀತೆ 1924ರಲ್ಲಿ ಬೆಳಗಾವಿ ಕಾಂಗ್ರೆಸ್ ಅಧಿವೇಶನದಲ್ಲಿ ಮೊಳಗಿದಾಗ ಅದು ಸಾವಿರಾರು ಜನರ ಎದೆಯನ್ನು ಮುಟ್ಟಿತು. ಆದರೆ ಅದು ಇನ್ನೂ ಆಗದ ಒಂದನ್ನು ಹಾರೈಸಿದ ಗೀತೆ. ಆಗಿಹೋದುದನ್ನೇ ಮತ್ತೆ ಮತ್ತೆ ಹಾರೈಸುವ ಇಂದಿನ ಅನುಕರಣಗಳಿಗೆ ಆ ಕಾವು ಬರುವುದೆಂತು? ಗಡಿಯವರು ಇಂದು ಹಾರೈಸಬೇಕಾದುದು ಬೇರೆಯೇ ಇದೆ.

ಅದಕ್ಕೆ ಬೇಕಾದ ಸಾಮಗ್ರಿ ನಮ್ಮ ಕಾಲಬುಡದಲ್ಲೇ ಇದೆ. ಶ್ರಾವಣ ಮಾಸದಲ್ಲಿ ಉರುಕುಂದದ ಈರಣ್ಣಸ್ವಾಮಿಯ ಸನ್ನಿಧಿಗೆ ರಾಯಚೂರು, ಬಳ್ಳಾರಿ ಸೀಮೆಗಳಿಂದಲೂ ಕರ್ನೂಲು ಸೀಮೆಯಿಂದಲೂ ಜನ ಬಂದು ಸೇರುತ್ತಾರೆ. ಲಕ್ಷ್ಮೀನರಸಿಂಹನೆಂದು ಪೂಜೆಗೊಳ್ಳುವ ದೇವರನ್ನು ಈರಣ್ಣನೆಂದು ಕರೆಯುವಲ್ಲಿಯೇ ಒಂದು ಸಮನ್ವಯವಿದೆ. ಹರಕೆಯ ಮಗು ಒಂದು ಮನೆಯಲ್ಲಿ ಉರುಕುಂದಪ್ಪ, ಇನ್ನೊಂದು ಮನೆಯಲ್ಲಿ ಉರುಕುಂದು. ಇನ್ನು ಹಳೆಯ ಆಲೂರು ತಾಲ್ಲೂಕಿಗೆ ಸೇರಿದ ಚಿಪ್ಪಗಿರಿಯನ್ನು ನೋಡಿರಿ. ವಿಜಯದಾಸರು ತಮ್ಮ ಕೊನೆಯ ದಿನಗಳನ್ನು ಕಳೆದು 1755ರಲ್ಲಿ ದೇಹವಿಟ್ಟ ಸ್ಥಳವದು. ಕಾರ್ತಿಕ ಶುದ್ಧ ದಶಮಿ ಅವರ ಆರಾಧನೆಯ ದಿನ. ಕೆಲವು ವರ್ಷ ಅದು ರಾಜ್ಯೋತ್ಸವದ ವಾರದಲ್ಲೇ ಬರುತ್ತದೆ. ಸುಳಾದಿಗಳ ಮಹಾಕರ್ತೃವಿನ ಕಟ್ಟೆ ಇಷ್ಟು ಸಮೀಪದಲ್ಲಿರುವಾಗ ನಮ್ಮ ವೇದಿಕೆಗಳು ದೂರದ ಜಲಪಾತಕ್ಕೆ ಕೈಮುಗಿಯುತ್ತ ಕುಳಿತಿರುವುದನ್ನು ಏನೆನ್ನಬೇಕು?

ಎಲ್ಲಕ್ಕಿಂತ ಕಠಿನವಾದ ಸಂಗತಿ ಮತ್ತೊಂದು. ರಾಜ್ಯೋತ್ಸವದ ಋತುವೇ ಈ ಸೀಮೆಯಲ್ಲಿ ಗುಳೆಯ ಋತು. ಮಳೆ ಕೈಕೊಟ್ಟ ವರ್ಷ ಕೌತಾಳ, ಕೋಸಿಗಿ ಕಡೆಯ ಸಂಸಾರಗಳು ಗುಂಟೂರಿನ ಹತ್ತಿ, ಮೆಣಸಿನಕಾಯಿ ಹೊಲಗಳಿಗೋ ಬೆಂಗಳೂರಿನ ಕಟ್ಟಡದ ಕೆಲಸಕ್ಕೋ ಹೊರಟುಬಿಡುತ್ತವೆ. ಅವರೊಡನೆ ಹೊರಟ ಮಗುವಿಗೆ ಕನ್ನಡ ಶಾಲೆ ತಪ್ಪುತ್ತದೆ. ತೆಲುಗು ಶಾಲೆಯೂ ತಪ್ಪುತ್ತದೆ. ಮಿಕ್ಕವರ ತಂದೆತಾಯಿಗಳ ಕಣ್ಣು ಇಂಗ್ಲಿಷಿನ ಮೇಲೆ. 2019ರ ನವೆಂಬರಿನಲ್ಲಿ ಆಂಧ್ರ ಸರಕಾರ ಸರಕಾರಿ ಶಾಲೆಗಳಲ್ಲಿ ಇಂಗ್ಲಿಷ್ ಮಾಧ್ಯಮವನ್ನು ತರಲು ಆದೇಶ ಹೊರಡಿಸಿತು. 2020ರ ಏಪ್ರಿಲಿನಲ್ಲಿ ಉಚ್ಚ ನ್ಯಾಯಾಲಯ ಅದನ್ನು ರದ್ದುಪಡಿಸಿತು. ಆಗ ಚಿಂತೆಗೀಡಾದವರಲ್ಲಿ ತೆಲುಗಿನ ಅಭಿಮಾನಿಗಳೂ ಇದ್ದರೆಂಬುದನ್ನು ಮರೆಯಬಾರದು. ಕನ್ನಡದ ಎದುರಾಳಿ ತೆಲುಗೆಂದು ಸಾರುವ ಭಾಷಣ ಐವತ್ತರ ದಶಕದ ಜಗಳವನ್ನು ಇಂದಿಗೂ ಆಡುತ್ತಿದೆ. ಖಾಲಿಯಾಗುತ್ತಿರುವ ಬೆಂಚಿನ ವಿಷಯವಾಗಿ ಅದು ಮೌನ.

ನಾವು ಬರೆದ ಪದ್ಯಗಳೂ ಈ ದೋಷಗಳಿಗೆ ಹೊರತಲ್ಲವೆಂದು ಒಪ್ಪಿಕೊಂಡೇ ಇಷ್ಟನ್ನು ಹೇಳಿದ್ದೇವೆ. ಉತ್ಸವ ನಿಲ್ಲಬೇಕೆಂಬುದು ನಮ್ಮ ಅಭಿಪ್ರಾಯವಲ್ಲ. ಬಾವುಟ ಏರಲಿ, ಗೀತೆ ಮೊಳಗಲಿ. ಆದರೆ ಮುಂದಿನ ನವೆಂಬರಿಗೆ ಪದ್ಯ ಬರೆಯುವವರು ಕಾವೇರಿಯನ್ನು ಒಂದು ವರ್ಷದ ಮಟ್ಟಿಗೆ ಕೈಬಿಟ್ಟು, ಗಂಟುಮೂಟೆ ಕಟ್ಟಿ ಬಸ್ಸಿಗೆ ಕಾದಿರುವ ಒಬ್ಬ ಉರುಕುಂದಪ್ಪನನ್ನು ಕುರಿತು ಹತ್ತು ಸಾಲು ಬರೆಯಲಿ. ಅವನಿಗೆ ಅದನ್ನು ಓದಲು ಬರುವಂತೆ ಮಾಡುವ ಹೊಣೆ ಸಂಘದ್ದು. ಆ ಹತ್ತು ಸಾಲು ಚೆನ್ನಾಗಿ ಬಂದರೆ ಗಡಿನಾಡಿನ ರಾಜ್ಯೋತ್ಸವಕ್ಕೆ ಅದರದೇ ಆದ ಸಾಹಿತ್ಯ ಆರಂಭವಾಯಿತೆಂದು ತಿಳಿಯುತ್ತೇವೆ.