ಪಿರಿಪಿರಿ ಮಳೆ, ಪಿರಿಪಿರಿ ಮಾತು

ಪುತ್ತೂರಿನಿಂದ ಕಡಬ ಮಾರ್ಗವಾಗಿ ಸುಬ್ರಹ್ಮಣ್ಯಕ್ಕೆ ಹೋಗುವ ಬಸ್ಸು. ಕಳೆದ ಮಳೆಗಾಲದ ಒಂದು ಬೆಳಿಗ್ಗೆ. ಮುಂದಿನ ಸೀಟಿಗೆ ಬಂದು ಕೂತ ಹೆಂಗಸೊಬ್ಬರು ಕೊಡೆ ಕೊಡವುತ್ತಾ, "ದಾನೆ ಈ ಪಿರಿಪಿರಿ ಬರ್ಸ!" ಎಂದು ತುಳುವಿನಲ್ಲಿ ಗೊಣಗಿದರು. ಎರಡು ಸ್ಟಾಪು ದಾಟುವಷ್ಟರಲ್ಲಿ ಹಿಂದಿನ ಸೀಟಿನ ಯುವಕ ಮೊಬೈಲಿನಲ್ಲಿ, "ಪಿರಿಪಿರಿ ಮಾಡ್ಬೇಡ ಮಾರಾಯ್ತಿ, ಬಸ್ಸಲ್ಲಿದ್ದೇನೆ" ಎಂದ. ಒಂದೇ ಶಬ್ದ. ಒಮ್ಮೆ ಆಕಾಶಕ್ಕೆ, ಒಮ್ಮೆ ಹೆಂಡತಿಗೆ. ಬಸ್ಸಿನಲ್ಲಿದ್ದ ಯಾರಿಗೂ ಇದು ವಿಚಿತ್ರವೆನಿಸಲಿಲ್ಲ. ನಮಗೆ ಮಾತ್ರ ಕಡಬ ತಲುಪುವವರೆಗೂ ಆ ಶಬ್ದ ಕಿವಿಯಿಂದ ಹೋಗಲಿಲ್ಲ. ಅದಕ್ಕೆ ನಮ್ಮದೇ ಆದ ಹಳೆಯ ಕಾರಣವೊಂದಿದೆ. ಅದನ್ನು ಮುಂದೆ ಹೇಳುತ್ತೇವೆ.

ಶಾಲೆಯ ವ್ಯಾಕರಣ ಪುಸ್ತಕ ಇಂಥ ಶಬ್ದಗಳನ್ನು 'ಅನುಕರಣಾವ್ಯಯ' ಎಂಬ ಹೆಸರಿನಲ್ಲಿ ಕೊನೆಯ ಪಾಠಗಳ ಒಂದು ಮೂಲೆಯಲ್ಲಿ ಕೂರಿಸುತ್ತದೆ. ಅರ್ಥವಿಲ್ಲದ ಧ್ವನಿಗಳನ್ನು ಕೇಳಿದಂತೆಯೇ ಅನುಕರಿಸಿ ಹೇಳುವುದು ಎಂದು ನಮಗೆಲ್ಲ ಬಾಯಿಪಾಠ ಮಾಡಿಸಿದ್ದರು. ಪಟಪಟ, ದಬದಬ, ಚುರುಚುರು ಎಂದು ಉದಾಹರಣೆ ಬರೆದರೆ ಎರಡು ಅಂಕ. ಈ ವಿವರಣೆಯಲ್ಲಿ ಎರಡು ತಕರಾರುಗಳಿವೆ. ಒಂದು, ಅವ್ಯಯವೆಂದರೆ ರೂಪ ಬದಲಾಗದ ಪದ. ನಮ್ಮೂರ ಪಿರಿಪಿರಿಯಾದರೋ ಮಳೆಯ ಮುಂದೆ ನಿಂತರೆ ವಿಶೇಷಣ, 'ಪಿರಿಪಿರಿ ಬರುತ್ತಾ ಇದೆ' ಎಂದರೆ ಕ್ರಿಯಾವಿಶೇಷಣ, 'ಅವಳ ಪಿರಿಪಿರಿಗೆ ತಲೆನೋವು ಬಂತು' ಎಂದರೆ ವಿಭಕ್ತಿ ಪ್ರತ್ಯಯ ಹಚ್ಚಿಕೊಂಡ ಅಚ್ಚುಕಟ್ಟಾದ ನಾಮಪದ. ಕನ್ನಡದ ವ್ಯಾಕರಣಗಳು ಸಂಸ್ಕೃತದ ಅಳತೆಯಲ್ಲಿ ಕನ್ನಡಕ್ಕೆ ಅಂಗಿ ಹೊಲಿದಿವೆ ಎಂದು ಡಿ.ಎನ್. ಶಂಕರ ಬಟ್ಟರು 'ಕನ್ನಡಕ್ಕೆ ಬೇಕು ಕನ್ನಡದ್ದೇ ವ್ಯಾಕರಣ' ಪುಸ್ತಕದಲ್ಲಿ (2000) ವಾದಿಸಿದರು. ಆ ಅಂಗಿ ಎಲ್ಲಿ ಹರಿಯುತ್ತದೆ ಎಂದು ನೋಡಬೇಕಾದವರು ಈ ಒಂದು ಶಬ್ದವನ್ನು ಅದರೊಳಗೆ ತುರುಕಿ ನೋಡಬಹುದು.

ಎರಡನೆಯ ತಕರಾರು ದೊಡ್ಡದು. 'ಅರ್ಥವಿಲ್ಲದ ಧ್ವನಿ' ಎಂಬ ಮಾತು.

ವರ್ಷಕ್ಕೆ ಸುಮಾರು ನಾಲ್ಕು ಸಾವಿರ ಮಿಲಿಮೀಟರ್ ಮಳೆ ಬೀಳುವ ಜಿಲ್ಲೆ ನಮ್ಮದು. ಇಲ್ಲಿ ಮಳೆಗೆ ಹೆಸರಿಡುವುದು ಕವಿಗಳ ಕೆಲಸವಲ್ಲ, ಅಡಿಕೆ ತೋಟದವರ ಕೆಲಸ. ಸುಳ್ಯದ ಯಾವುದೇ ಕೃಷಿಕರನ್ನು ಕೇಳಿ ನೋಡಿ. ಧೋ ಎಂದು ಸುರಿದು ಬಿಟ್ಟುಹೋಗುವ ಮಳೆಯ ಬಗ್ಗೆ ಅವರಿಗೆ ಅಷ್ಟು ಹೆದರಿಕೆ ಇಲ್ಲ. ನಡುವೆ ಎರಡು ದಿನ ಬಿಸಿಲು ಸಿಕ್ಕಿದರೆ ಮದ್ದು ಬಿಡಬಹುದು. ಒಂದು ಕಿಲೋ ಮೈಲುತುತ್ತು, ಒಂದು ಕಿಲೋ ಸುಣ್ಣ, ನೂರು ಲೀಟರ್ ನೀರು, ಇದು ಬೋರ್ಡೋ ದ್ರಾವಣದ ಲೆಕ್ಕ. ಮಳೆಗಾಲ ಹಿಡಿಯುವ ಮೊದಲು ಒಮ್ಮೆ, ಮತ್ತೆ ನಲವತ್ತು ನಲವತ್ತೈದು ದಿನಕ್ಕೊಮ್ಮೆ ಅಡಿಕೆ ಗೊನೆಗೆ ಸಿಂಪಡಿಸಬೇಕು. ಆದರೆ ಪಿರಿಪಿರಿ ಹಿಡಿದರೆ ಮರದ ಮೈ ಒಣಗುವುದಿಲ್ಲ, ಹತ್ತುವವರು ಹತ್ತುವುದಿಲ್ಲ, ಬಿಟ್ಟ ಮದ್ದು ಗೊನೆಗೆ ಕೂರುವುದಿಲ್ಲ. ಆ ಒದ್ದೆಯಲ್ಲೇ ಕೊಳೆರೋಗ ತೋಟದಿಂದ ತೋಟಕ್ಕೆ ಇಳಿಯುತ್ತದೆ. ಹಸಿರು ಅಡಿಕೆ ಬೆಳಗಾಗುವಾಗ ಮರದ ಬುಡದಲ್ಲಿ ಉದುರಿರುತ್ತದೆ. ಹಾಗಾಗಿ ಪಿರಿಪಿರಿ ಎಂಬುದು ಮಳೆಯ ಸದ್ದಿನ ನಕಲು ಮಾತ್ರವಲ್ಲ, ಮಳೆಯ ಗುಣದ ಬಗ್ಗೆ ಕೊಟ್ಟ ತೀರ್ಪು. ಎಷ್ಟು ಬಂತು ಎಂಬುದನ್ನು ಅದು ಹೇಳುವುದಿಲ್ಲ. ನಿಲ್ಲುತ್ತಿಲ್ಲ ಎಂಬುದನ್ನು ಹೇಳುತ್ತದೆ. ಇದು ಅರ್ಥವಲ್ಲದಿದ್ದರೆ ಮತ್ತೇನು?

ಸ್ವರಗಳನ್ನೂ ಗಮನಿಸಬೇಕು. ದಬದಬ, ಧಡಧಡ, ಪಟಪಟ ಎನ್ನುವಾಗ ಬಾಯಿ ತೆರೆದುಕೊಳ್ಳುತ್ತದೆ. ಬೀಳುವುದು, ಬಡಿಯುವುದು, ಓಡುವುದು ಎಲ್ಲ ಆ ಕಡೆ. ಗುಡುಗುಡು, ಗುಸುಗುಸು ಎನ್ನುವಾಗ ಸದ್ದು ಒಳಗೆಲ್ಲೋ ಉರುಳುತ್ತದೆ. ಪಿರಿಪಿರಿ, ಕಿರಿಕಿರಿ, ಜಿಟಿಜಿಟಿ, ಗಿಜಿಗಿಜಿ ಎಂಬ ಇಕಾರದ ಬಳಗ ಮಾತ್ರ ಸಣ್ಣದು, ಹರಿತವಾದದ್ದು, ಬಿಡದೆ ಹಿಡಿದದ್ದು. ಭಾಷಾವಿಜ್ಞಾನಿ ಎಮೆನೊ 1969ರಲ್ಲಿ ಬರೆದ ಪ್ರಬಂಧವೊಂದರಲ್ಲಿ ಇಂಥ ಜೋಡಿ ಶಬ್ದಗಳನ್ನು ದ್ರಾವಿಡ, ಆರ್ಯ ಎಂಬ ಗಡಿ ದಾಟಿ ಇಡೀ ಭಾರತ ಹಂಚಿಕೊಂಡ ಲಕ್ಷಣವಾಗಿ ಚರ್ಚಿಸಿದರು. ಜಪಾನೀಯರಂತೂ ಸಣ್ಣಗೆ ಹಿಡಿದ ಮಳೆಗೆ 'ಶಿಟೊಶಿಟೊ', ಸುರಿಯುವ ಮಳೆಗೆ 'ಜಾಜಾ' ಎಂದು ಬೇರೆ ಬೇರೆ ಶಬ್ದ ಇಟ್ಟುಕೊಂಡಿದ್ದಾರೆ, ಯಾವ ನಾಚಿಕೆಯೂ ಇಲ್ಲದೆ ಗಂಭೀರ ಬರವಣಿಗೆಯಲ್ಲಿ ಬಳಸುತ್ತಾರೆ. (ಪುತ್ತೂರಿನ ಬೇಕರಿಗಳಲ್ಲಿ ಆಲೂಗಡ್ಡೆ ಫ್ರೈಗೆ ಉದುರಿಸುವ 'ಪೆರಿಪೆರಿ' ಮಸಾಲೆಗೂ ನಮ್ಮ ಪಿರಿಪಿರಿಗೂ ಸಂಬಂಧವಿಲ್ಲ. ಅದು ಆಫ್ರಿಕಾದ ಮೆಣಸು. ನಮ್ಮ ಮಗಳು ಇದನ್ನು ನಂಬಲು ಸಿದ್ಧಳಿಲ್ಲ.)

ನಾವು ಐದನೆಯ ತರಗತಿಯವರೆಗೆ ಉರ್ದು ಶಾಲೆಯಲ್ಲಿ ಕಲಿತವರು. ಅಲ್ಲಿ ಸದ್ದಿನ ಶಬ್ದಗಳಿಗೆ ಇಷ್ಟು ಬಡತನವಿರಲಿಲ್ಲ. ಉರ್ದು ಸದ್ದನ್ನು ಹಿಡಿದು ಅದಕ್ಕೊಂದು ಬಾಲ ಕೊಟ್ಟು ಸಲೀಸಾಗಿ ವಿಶೇಷಣ ಮಾಡಿಬಿಡುತ್ತದೆ. ಗರಿಗರಿ ಹಪ್ಪಳ 'ಕುರ್‌ಕುರಾ', ಕೈಗಂಟುವ ಹಿಟ್ಟು 'ಚಿಪ್‌ಚಿಪಾ', ಮುಟ್ಟಿದರೆ ಪುಡಿಯಾಗುವ ಮಣ್ಣು 'ಭುರ್‌ಭುರಾ'. ಎಣ್ಣೆ ಚಿಟಚಿಟ ಸಿಡಿಯುವಂತೆ ಸಿಡುಕುವ ಮನುಷ್ಯ 'ಚಿಡ್‌ಚಿಡಾ'. ಹೆಂಗಸಾದರೆ 'ಚಿಡ್‌ಚಿಡೀ'. ವ್ಯಾಕರಣ ಇಬ್ಬರಿಗೂ ಒಂದೊಂದು ರೂಪ ಕೊಟ್ಟು ನ್ಯಾಯವಾಗಿಯೇ ನಡೆದುಕೊಂಡಿದೆ. ಆದರೆ ನಾಲಿಗೆಗೆ ಮೊದಲು ಬರುವುದು ಯಾವ ರೂಪ ಎಂದು ಉರ್ದು ಮನೆಗಳಲ್ಲಿ ಬೆಳೆದವರು ತಮ್ಮನ್ನೇ ಕೇಳಿಕೊಳ್ಳಲಿ. ಕನ್ನಡದ ಪಿರಿಪಿರಿಗೆ ಲಿಂಗವಿಲ್ಲ. ಲಿಂಗವನ್ನು ನಾವು ಕೊಟ್ಟಿದ್ದೇವೆ. ಗಂಡಸು ಗುಡುಗುತ್ತಾನೆ, ಗದರುತ್ತಾನೆ, ಮುದುಕನಾದರೆ ಗೊಣಗುತ್ತಾನೆ. ಪಿರಿಪಿರಿ, ವಟವಟ, ಲೊಟಲೊಟ ಎಲ್ಲ ಹೆಣ್ಣಿನ ಪಾಲಿಗೆ.

ಗಂಡಸಿಗೂ ಒಂದು ಸಿಕ್ಕಿತಲ್ಲ ಎನ್ನಬಹುದು. ಕಿರಿಕಿರಿಯ ಬಾಲ ಕತ್ತರಿಸಿದ 'ಕಿರಿಕ್'. 2016ರ ಕೊನೆಗೆ 'ಕಿರಿಕ್ ಪಾರ್ಟಿ' ಸಿನಿಮಾ ಬಂದು ಗೆದ್ದ ಮೇಲೆ ಅದು ಬೈಗುಳವಾಗಿ ಉಳಿಯಲಿಲ್ಲ, ಹುಡುಗರು ಎದೆಗೆ ಚುಚ್ಚಿಕೊಳ್ಳುವ ಬಿಲ್ಲೆಯಾಯಿತು. ಹುಡುಗನ ಕಿರಿಕಿರಿ ಕಿರಿಕ್ ಆಗಿ ಚಪ್ಪಾಳೆ ಗಿಟ್ಟಿಸಿತು. ಹೆಂಗಸಿನ ಪಿರಿಪಿರಿಯನ್ನು ಯಾರೂ ಹಾಗೆ ಬಾಲ ಕತ್ತರಿಸಿ ಪೋಸ್ಟರಿಗೆ ಹಾಕಿಲ್ಲ.

ಈಗ ನಮ್ಮ ಹಳೆಯ ಕಾರಣ. ಇಪ್ಪತ್ತು ವರ್ಷಗಳ ಹಿಂದೆ ನಾವು ಬರೆದ ಮೊದಮೊದಲ ಕಥೆಗಳಲ್ಲೊಂದು ಹೀಗೆ ಶುರುವಾಗುತ್ತಿತ್ತು: ಹೊರಗೆ ಪಿರಿಪಿರಿ ಮಳೆ, ಒಳಗೆ ಅಮ್ಮನ ಪಿರಿಪಿರಿ ಮಾತು, ಎರಡನ್ನೂ ತಡೆಯಲಾರದೆ ಅವನು ಕೊಡೆ ಹಿಡಿದು ಹೊರಟ. ಒಂದು ವಿಶೇಷಣವನ್ನು ಎರಡು ಕಡೆ ನಿಲ್ಲಿಸಿದ್ದಕ್ಕೆ ನಮ್ಮ ಬೆನ್ನನ್ನು ನಾವೇ ತಟ್ಟಿಕೊಂಡಿದ್ದೆವು. ಪತ್ರಿಕೆಯಲ್ಲಿ ಕಥೆ ಅಚ್ಚಾಗಿ ಬಂದಾಗ ನೋಡಿದರೆ, ಸಂಪಾದಕರು ಮಳೆಯನ್ನು 'ಜಿಟಿಜಿಟಿ ಮಳೆ' ಎಂದು ತಿದ್ದಿದ್ದರು. ಅಮ್ಮನ ಮಾತನ್ನು ಮುಟ್ಟಿರಲಿಲ್ಲ. ನಮಗೆ ಸಿಟ್ಟು ಬಂತು. ಎರಡು ಪುಟದ ಪತ್ರ ಬರೆದೆವು. ಜಿಟಿಜಿಟಿಯಲ್ಲಿ ಕೆಸರಿದೆ, ಪಿರಿಪಿರಿಯಲ್ಲಿ ಕಂಗಿನ ಸೋಗೆಯ ಮೇಲೆ ಬೀಳುವ ಹನಿಯಿದೆ, ನಿಮ್ಮೂರಿನ ಮಳೆಯನ್ನು ನಮ್ಮೂರಿನಲ್ಲಿ ಸುರಿಸಬೇಡಿ ಎಂದೆಲ್ಲ. ಆ ಪತ್ರದಲ್ಲಿ ಹೇಳಿದ್ದು ಈಗಲೂ ಸರಿಯೆಂದೇ ನಮ್ಮ ನಂಬಿಕೆ. ಕರಾವಳಿಯ ಶಬ್ದಗಳನ್ನು ಪ್ರಾದೇಶಿಕವೆಂದು ತೊಳೆದು ಹಾಕುವ ಚಾಳಿ ಇಂದಿಗೂ ಪೂರ್ತಿ ಹೋಗಿಲ್ಲ. ಆದರೆ ಆ ಎರಡು ಪುಟಗಳಲ್ಲಿ ಅಮ್ಮನ ಬಗ್ಗೆ ಒಂದು ಸಾಲೂ ಇರಲಿಲ್ಲ.

ಕೆಲವು ವರ್ಷಗಳ ನಂತರ ತಂಗಿ ಆ ಕಥೆ ಓದಿದಳು. ಹೊಗಳಿಕೆಯ ನಿರೀಕ್ಷೆಯಲ್ಲಿದ್ದೆವು. ಅವಳು ಕೇಳಿದ್ದು ಒಂದೇ ಪ್ರಶ್ನೆ: "ಭಯ್ಯಾ, ಅಮ್ಮಾ ಏನು ಹೇಳ್ತಿದ್ದಳು ಅಂತ ನೀನು ಬರೀಲೇ ಇಲ್ಲವಲ್ಲ?"

ಬರೆಯಲಿಲ್ಲ ನಿಜ. ಪಿರಿಪಿರಿ ಎಂದು ಬರೆದ ಮೇಲೆ ಬರೆಯುವ ಅಗತ್ಯವೇ ಬೀಳುವುದಿಲ್ಲ. ಇಂಥ ವಿಶೇಷಣದ ಅನುಕೂಲ ಅದೇ. ಮಾತನ್ನು ಸದ್ದು ಮಾಡಿಬಿಟ್ಟರೆ ಅದರೊಳಗೆ ವಾಕ್ಯಗಳಿದ್ದವು ಎಂಬುದನ್ನು ಓದುಗ ಕೇಳುವುದಿಲ್ಲ, ಬರೆಯುವವನೂ ಕೇಳಿಕೊಳ್ಳುವುದಿಲ್ಲ. ನಮ್ಮೂರಿನದೇ ಆದ ದೊಡ್ಡ ಉದಾಹರಣೆಯೊಂದು ಇದಕ್ಕೆ ವಿರುದ್ಧವಾಗಿ ನಿಂತಿದೆ. ದಶಕಗಳ ಕಾಲ ಪುತ್ತೂರಿನಲ್ಲಿ ಬದುಕಿದ ಶಿವರಾಮ ಕಾರಂತರ 'ಚೋಮನ ದುಡಿ' (1933). ಊರಿನ ಧಣಿಗಳ ಕಿವಿಗೆ ದುಡಿ ಬರೀ ಸದ್ದು. ಸ್ವಂತಕ್ಕೆ ಬೇಸಾಯ ಮಾಡುವ ಒಂದೇ ಆಸೆಯನ್ನು ನೆರವೇರಿಸಿಕೊಳ್ಳಲಾಗದ ಚೋಮನಿಗೆ ಅದೇ ಮಾತು. ಕಾರಂತರು ಆ ಸದ್ದನ್ನು ಅಲಂಕಾರಕ್ಕೆ ಬಳಸಲಿಲ್ಲ, ಅದರೊಳಗೆ ಏನಿದೆ ಎಂದು ಇಡೀ ಕಾದಂಬರಿಯುದ್ದಕ್ಕೂ ಕೇಳಿಸಿದರು. ಅವರು ಸದ್ದನ್ನು ಮಾತು ಮಾಡಿದರು. ನಾವು ಮಾತನ್ನು ಸದ್ದು ಮಾಡಿದೆವು.

ಸಾರಾ ಅಬೂಬಕ್ಕರ್ 1980ರ ದಶಕದ ಆರಂಭದಲ್ಲಿ ಲಂಕೇಶ್ ಪತ್ರಿಕೆಯಲ್ಲಿ 'ಚಂದ್ರಗಿರಿಯ ತೀರದಲ್ಲಿ' ಬರೆದಾಗ ಮಾಡಿದ್ದೂ ಇಂಥದೇ ಕೆಲಸ. ಗಂಡನೆದುರು ಬಾಯಿ ಕಟ್ಟಿಸಿಕೊಂಡ ತಾಯಿ, ತಲಾಖಿಗೆ ಸಿಕ್ಕಿದ ಮಗಳು, ಇವರ ಅಳಲು ಮನೆಯ ಗಂಡಸರ ಕಿವಿಗೆ ಪಿರಿಪಿರಿಗಿಂತ ಹೆಚ್ಚೇನೂ ಆಗಿರಲಿಲ್ಲ. ಕಾದಂಬರಿ ಅದನ್ನು ವಾಕ್ಯ ವಾಕ್ಯವಾಗಿ ಬಿಡಿಸಿತು. ಪುತ್ತೂರಿನವರೇ ಆದ ಬೊಳುವಾರು ಮಹಮದ್ ಕುಂಞಿಯವರ ಮುತ್ತುಪ್ಪಾಡಿಯ ಕಥೆಗಳಲ್ಲಿ ಕನ್ನಡದ ಒಳಗೆ ಮನೆಮಾತಿನ ನಡಿಗೆ ಕೇಳುತ್ತದೆ, ಅದು ನಗೆಪಾಟಲಾಗುವುದಿಲ್ಲ. ಇದು ಸಣ್ಣ ಸಂಗತಿಯಲ್ಲ. ಅವರೇ 'ತಟ್ಟು ಚಪ್ಪಾಳೆ ಪುಟ್ಟ ಮಗು' ಎಂದು ಮಕ್ಕಳ ಪದ್ಯಗಳನ್ನು ಕಲೆಹಾಕಿದ್ದು ನಮಗೆ ಆಕಸ್ಮಿಕವೆನಿಸುವುದಿಲ್ಲ. ಕನ್ನಡದಲ್ಲಿ ಸದ್ದಿನ ಶಬ್ದಗಳಿಗೆ ಮರ್ಯಾದೆ ಉಳಿದಿರುವ ಜಾಗ ಮಕ್ಕಳ ಪದ್ಯವೊಂದೇ.

ಮಾತನ್ನು ಸದ್ದು ಮಾಡುವ ಕೆಲಸ ಹೆಂಗಸರ ಮೇಲೆ ಮಾತ್ರ ನಡೆಯುವುದಲ್ಲ ಎಂದೂ ಹೇಳಬೇಕು. ಮೊದಲು ಹೇಳಿದ ಬಸ್ಸಿನಲ್ಲಿ ಒಂದು ಗಂಟೆಯಲ್ಲಿ ತುಳು, ಬ್ಯಾರಿ, ಅರೆಭಾಷೆ, ಹವ್ಯಕ ಕನ್ನಡ, ಮಲಯಾಳ, ಕೊಂಕಣಿ ಎಲ್ಲ ಕೇಳಬಹುದು. ಸುಳ್ಯದ ಕಡೆಯ ಬಸ್ಸಾದರೆ ರಬ್ಬರ್ ತೋಟದವರ ತಮಿಳೂ ಸೇರುತ್ತದೆ. ಯಾರಿಗೆ ಯಾವ ಭಾಷೆ ಗೊತ್ತಿಲ್ಲವೋ ಅವರಿಗೆ ಅದು 'ಕಚಪಚ'. ಸಂಸ್ಕೃತದ 'ಬರ್ಬರ', ಗ್ರೀಕರ 'ಬಾರ್ಬರೋಸ್' ಹುಟ್ಟಿದ್ದೂ ಹೀಗೆಯೇ, ಅನ್ಯರ ಮಾತು ಬರಬರ ಎಂದು ಕೇಳಿದ್ದರಿಂದ. ಇಂದು ನಮ್ಮ ಪತ್ರಿಕೆಗಳು ಕೊಲೆಯ ಸುದ್ದಿಗೆ ಬರ್ಬರ ಎಂಬ ವಿಶೇಷಣ ಹಾಕುವಾಗ ಅದರ ಹಿಂದೆ ತೊದಲುವ ಪರದೇಶಿಯೊಬ್ಬ ನಿಂತಿದ್ದಾನೆಂದು ಯಾರೂ ನೆನೆಯುವುದಿಲ್ಲ. ಮುಸ್ಲಿಮರ ಕೇರಿ ಎಂದೊಡನೆ 'ಗಿಜಿಗುಡುವ' ಎಂದು ಬರೆಯುವ ವರದಿಗಾರ ಮಿತ್ರರಿಗೂ ಇದನ್ನೇ ಹೇಳಬೇಕಾಗಿದೆ. ಗಿಜಿಗುಡುತ್ತದೆ, ಸುಳ್ಳಲ್ಲ. ಹತ್ತಿರ ಹೋದರೆ ಒಬ್ಬ ಮೀನಿನ ಬೆಲೆ ಹೇಳುತ್ತಿರುತ್ತಾನೆ, ಇನ್ನೊಬ್ಬ ಮಗಳ ಕಾಲೇಜು ಫೀಸಿನ ಲೆಕ್ಕ.

ಬಾನು ಮುಷ್ತಾಕ್ ಅವರಿಗೆ 2025ರಲ್ಲಿ ಅಂತಾರಾಷ್ಟ್ರೀಯ ಬೂಕರ್ ಬಂದಾಗ ಅನುವಾದಕಿ ದೀಪಾ ಭಾಸ್ತಿ ಕನ್ನಡ, ಉರ್ದು ಶಬ್ದಗಳನ್ನು ಓರೆ ಅಕ್ಷರದಲ್ಲಿ ಬೇರ್ಪಡಿಸದೆ ಹಾಗೆಯೇ ಉಳಿಸಿದ್ದು ಚರ್ಚೆಯಾಯಿತು. ನಮ್ಮ ಆ ಹಳೆಯ ಸಾಲು ಅಂಥ ಒಳ್ಳೆಯ ಅನುವಾದಕರ ಕೈಗೆ ಸಿಕ್ಕಿದ್ದರೆ ಏನಾಗುತ್ತಿತ್ತು? ಮಳೆಯ ಪಿರಿಪಿರಿ ಹೇಗೋ ದಾಟುತ್ತಿತ್ತು. ಅಮ್ಮನ ಪಿರಿಪಿರಿಗೆ ಇಂಗ್ಲಿಷಿನಲ್ಲಿ ಬಹುಶಃ 'ನ್ಯಾಗಿಂಗ್' ಎಂದು ಬರುತ್ತಿತ್ತು, ನಮ್ಮ ಪೂರ್ವಗ್ರಹ ಯಾವ ನಷ್ಟವೂ ಇಲ್ಲದೆ ಸಮುದ್ರ ದಾಟುತ್ತಿತ್ತು.

ಆ ಸಂಕಲನ ಈಗ ಮರುಮುದ್ರಣಕ್ಕೆ ಹೋಗುತ್ತಿದೆ. ಕರಡು ತಿದ್ದಲು ಕೂತಾಗ ಮಳೆಯನ್ನು ಮತ್ತೆ ಪಿರಿಪಿರಿ ಮಾಡಿದೆವು. ಅಮ್ಮನ ಮುಂದಿನ ವಿಶೇಷಣ ಹೊಡೆದು ಹಾಕಿದೆವು. ಅಲ್ಲಿ ಅವಳ ಮಾತನ್ನೇ ಇಡೋಣವೆಂದು ನೋಡಿದರೆ ನಮಗೆ ನೆನಪಿದ್ದದ್ದು ಸದ್ದು ಮಾತ್ರ. ತಂಗಿಗೆ ಫೋನು ಮಾಡಿದೆವು. ಅವಳು ಯೋಚಿಸಲೂ ಇಲ್ಲ. "ಹುಡುಗಿಗೆ ಫಸ್ಟ್ ಕ್ಲಾಸ್ ಬಂದಿದೆ. ಪುತ್ತೂರಿಗೆ ಬೆಳಿಗ್ಗೆ ಬಸ್ಸಿದೆ, ಸಂಜೆ ಬಸ್ಸಿದೆ. ಫೀಸಿಗೆ ನನ್ನ ಬಳೆ ಇದೆ. ಕಾಲೇಜಿಗೆ ಕಳಿಸಿ." ದಖ್ಖನಿಯಲ್ಲಿ ಅಮ್ಮಾ ಹೇಳುತ್ತಿದ್ದದ್ದು ಇಷ್ಟು. ಅಬ್ಬಾ ರೇಡಿಯೋದ ಸದ್ದು ಜಾಸ್ತಿ ಮಾಡುತ್ತಿದ್ದರು, ಅವಳು ಮತ್ತೆ ಮೊದಲಿನಿಂದ ಹೇಳುತ್ತಿದ್ದಳು. ಆ ಜೂನ್ ತಿಂಗಳು ಪೂರ್ತಿ ಹೇಳಿದಳು. ತಂಗಿ ಕಾಲೇಜಿಗೆ ಹೋಗಲಿಲ್ಲ. ನಾವು ಕೊಡೆ ಹಿಡಿದು ಹೊರಟದ್ದು ಡಿಗ್ರಿ ಕ್ಲಾಸಿಗೆ, ಅದೇ ಬೆಳಗಿನ ಬಸ್ಸಿಗೆ.

ಕರಡನ್ನು ಕಳೆದ ವಾರ ಪ್ರಕಾಶಕರಿಗೆ ಕಳಿಸಿದ್ದೇವೆ.