ಕಲ್ಲಿಗಿಲ್ಲದ ಬೀಗ ಪುಟಕ್ಕೆ

ನಾರಾಯಣಪುರದ ಶಿವಾಲಯದ ಮದನಿಕೆಯರನ್ನು ನೋಡಲು, ಚಿತ್ರ ಬರೆದುಕೊಳ್ಳಲು ಯಾರ ಅಪ್ಪಣೆಯೂ ಬೇಕಿಲ್ಲ. ಹುಮನಾಬಾದ್ ಕಡೆಯ ಜಲಸಂಗ್ವಿಗೆ ಹೋದರಂತೂ ಒಬ್ಬಳು ಕೈಯಾರೆ ಆರನೆಯ ವಿಕ್ರಮಾದಿತ್ಯನ ಕೀರ್ತಿಯನ್ನು ಬರೆಯುತ್ತಲೇ ನಿಂತಿದ್ದಾಳೆ. ಓದಬಲ್ಲವರು ಓದಿ ನಕಲು ಮಾಡಿಕೊಳ್ಳಬಹುದು. ನಾರಾಯಣಪುರದಿಂದ ಕೂಗಳತೆಯ ಕಲ್ಯಾಣದಲ್ಲಿ, ಇಂದಿನ ಬಸವಕಲ್ಯಾಣದಲ್ಲಿ, ಆಡಿದ ವಚನಗಳಿಗೆ ಮಾತ್ರ ಬಹುಕಾಲ ಈ ಭಾಗ್ಯವಿರಲಿಲ್ಲ. ವಚನಕ್ಕೆ ಹಕ್ಕುದಾರರಿಲ್ಲ, ಅದನ್ನು ಅಚ್ಚು ಹಾಕಿದ ಸಂಪುಟಕ್ಕೆ ಇದ್ದಾರೆ.

ಹಳೆಯ ಪುಸ್ತಕದ ಹುಚ್ಚಿರುವ ನನ್ನಂಥವರು ಓಂಶಿವಪ್ರಕಾಶರಿಗೆ ಋಣಿಗಳು. 'ಲಿನಕ್ಸಾಯಣ'ದ ಮೂಲಕ ಮುಕ್ತ ತಂತ್ರಾಂಶವನ್ನು ಕನ್ನಡದಲ್ಲೇ ವಿವರಿಸುತ್ತ ಬಂದವರು ಅವರು. ಕತೆಗಾರ ವಸುಧೇಂದ್ರ, ತಂತ್ರಜ್ಞ ದೇವರಾಜ್ ಜೊತೆ ಸೇರಿ ಕಟ್ಟಿದ 'ವಚನ ಸಂಚಯ'ದಲ್ಲಿ ಇಪ್ಪತ್ತು ಸಾವಿರಕ್ಕೂ ಹೆಚ್ಚು ವಚನಗಳಿವೆ. 'ಕಾಯಕ' ಎಂದು ಹುಡುಕಿದರೆ ಆಯ್ದಕ್ಕಿ ಲಕ್ಕಮ್ಮ, ನುಲಿಯ ಚಂದಯ್ಯ ಎಲ್ಲರೂ ಒಂದೇ ತೆರೆಯ ಮೇಲೆ ಬಂದು ಕೂರುತ್ತಾರೆ. ಸಂಪುಟಗಳಲ್ಲಿ ಇದನ್ನೇ ಹುಡುಕಲು ಹೊರಟವರಿಗೆ ಗೊತ್ತು, ಸಂಜೆಯಾದರೂ ಮುಗಿಯುವುದಿಲ್ಲ.

ಹೊರಗಿನಿಂದ ಕಾಣದ ಕಷ್ಟ ಒಂದಿತ್ತು. ಹಳೆಯ ಫಾಂಟಿನಲ್ಲಿ ಬೆರಳಚ್ಚಾದ ಕನ್ನಡ ಆ ಫಾಂಟಿಲ್ಲದೆ ಬರೀ ಗೊಂದಲದ ಗುರುತುಗಳು. ಯೂನಿಕೋಡಿಗೆ ತರುವಾಗ ಅರ್ಕಾವೊತ್ತು ಸತಾಯಿಸುತ್ತದೆ: 'ಕರ್ಮ'ದ ಅರ್ಕಾವೊತ್ತು ಅಲ್ಲಿ 'ಮ'ದ ನಂತರ ಬಂದರೆ, ಇಲ್ಲಿ 'ರ' 'ಮ'ಕ್ಕಿಂತ ಮುಂಚೆಯೇ ಕೂರಬೇಕು. ಒಂದು ಕಡೆ ಎಡವಿದರೂ ಆ ಪದ ಹುಡುಕಾಟದಲ್ಲಿ ಸಿಗುವುದೇ ಇಲ್ಲ. ಬರೀ ಸ್ಕ್ಯಾನ್ ಮಾಡಿಟ್ಟ ಪುಟವನ್ನು ನಾನು ಮುಕ್ತ ಎನ್ನಲಾರೆ. ಅದು ಗಾಜಿನ ಕಪಾಟಿನೊಳಗಿನ ಪುಸ್ತಕ. ಹುಡುಕಲು, ತಿದ್ದಲು, ಮತ್ತೆ ಬಳಸಲು ಬರಬೇಕು.

ಹಾಗೆಂದು ಮುಕ್ತ ಎಂದರೆ ಹೆಸರಿಲ್ಲದ್ದೂ ಅಲ್ಲ. 2014ರಲ್ಲಿ ನಿರಂಜನರ ಕೃತಿಗಳನ್ನು ಮಗಳು ತೇಜಸ್ವಿನಿ ನಿರಂಜನ ಕ್ರಿಯೇಟಿವ್ ಕಾಮನ್ಸ್ ಪರವಾನಗಿಯಡಿ ಬಿಟ್ಟುಕೊಟ್ಟರು. ಯಾರು ಬೇಕಾದರೂ ಬಳಸಬಹುದು, ಲೇಖಕರ ಹೆಸರು ಹೇಳಬೇಕು, ಅದರ ಮೇಲೆ ಕಟ್ಟಿದ್ದನ್ನೂ ಅದೇ ಷರತ್ತಿನಲ್ಲಿ ಹಂಚಬೇಕು. ಕಾಸರಗೋಡಿನ ಕಯ್ಯೂರಿನ ರೈತರ ಕತೆ 'ಚಿರಸ್ಮರಣೆ' ಬರೆದ ಹೋರಾಟಗಾರನಿಗೆ ಇದು ಒಪ್ಪುವ ವಾರಸುದಾರಿಕೆ. ಪ್ರಕಾಶಕರು ಮಾರಾಟ ಬೀಳುತ್ತದೆಂದು ಹೆದರುತ್ತಾರೆ. ಅಂಗಡಿಯಲ್ಲಿ ಸಿಗದ ಪುಸ್ತಕದ ಮಾರಾಟ ಇನ್ನೆಲ್ಲಿಗೆ ಬೀಳಬೇಕೋ!

ಸರ್ಕಾರದ ದುಡ್ಡಿನಲ್ಲಿ ಸಿದ್ಧವಾದ ಸಂಪುಟಗಳಿಗೂ ಬೀಗ ಹಾಕುವುದು ಮಾತ್ರ ನನಗೆ ಇಂದಿಗೂ ಅರ್ಥವಾಗದು.

ವಚನಗಳನ್ನು ಓಲೆಗರಿಯಿಂದ ಎತ್ತಿ ತಂದ ಫ.ಗು. ಹಳಕಟ್ಟಿಯವರು ಮನೆ ಮಾರಿ ಅಚ್ಚುಕೂಟ ನಡೆಸಿದವರು. ಅವರು ತೀರಿಕೊಂಡದ್ದು 1964ರಲ್ಲಿ. ನಮ್ಮ ಕಾನೂನಿನಲ್ಲಿ ಲೇಖಕರ ಮರಣಾನಂತರ 60 ವರ್ಷ ಹಕ್ಕು ಉಳಿಯುತ್ತದೆ. ಅಂದರೆ 2025ರ ಜನವರಿ 1ರಿಂದ ಅವರ ಬರಹ ಎಲ್ಲರದು. ಅದನ್ನು ಎಲ್ಲರೂ ಸೇರಿ ಬೆರಳಚ್ಚಿಸಿ ತಿದ್ದಿಡಲು ಕನ್ನಡ ವಿಕಿಸೋರ್ಸ್ ಎಂಬ ಮುಕ್ತ ಗ್ರಂಥಾಲಯವಿದೆ. ಅಲ್ಲಿ ಒಬ್ಬರು ತಿದ್ದಿದ ಪುಟ ಹಳದಿ, ಇನ್ನೊಬ್ಬರು ಒಪ್ಪಿದ ಮೇಲಷ್ಟೇ ಹಸಿರು. ಬಸವಕಲ್ಯಾಣದ ಕಾಲೇಜಿನ ಮಕ್ಕಳು ದಿನಕ್ಕೊಂದು ಪುಟ ಹಿಡಿದರೂ ಸಾಕು. ಹೊಸ ಮುದ್ರಣಗಳಲ್ಲಿ ಬೇರೆಯವರು ಬರೆದ ಮುನ್ನುಡಿ, ಟಿಪ್ಪಣಿಗಳಿದ್ದರೆ ಅವುಗಳ ಹಕ್ಕು ಆಯಾ ಬರಹಗಾರರದು; ಹಾಗಾಗಿ 1923ರ 'ವಚನಶಾಸ್ತ್ರಸಾರ'ದ ಹಳೆಯ ಪ್ರತಿ ಸಿಕ್ಕರೆ ಅದನ್ನೇ ಎತ್ತಿಕೊಳ್ಳಿ.