ಚಂದ್ರಿ ಹೊರಟುಹೋದ ಊರು

ವೈದೇಹಿ ಸೂಕ್ಷ್ಮ ಕಥೆಗಾರ್ತಿ ಹೌದು, ಆದರೆ ಕಾದಂಬರಿಯ ಹರಹು ಅವರಿಗೆ ದಕ್ಕಲಿಲ್ಲ, ಅಡುಗೆಮನೆಯ ಹೊಸಿಲು ದಾಟಲಿಲ್ಲ ಅನ್ನುವ ಮಾತನ್ನು ಗೋಷ್ಠಿಗಳಲ್ಲಿ ಕೇಳಿ ಕೇಳಿ ರೋಸಿಹೋಗಿದ್ದೇನೆ. ಹೇಳುವವರ ಲೆಕ್ಕ ಸುಲಭ: ಇಷ್ಟು ವರ್ಷ ಬರೆದೂ ಕಾದಂಬರಿ ಒಂದೇ, ‘ಅಸ್ಪೃಶ್ಯರು’. ಉಳಿದದ್ದು ಕಥೆ, ಕವಿತೆ, ಪ್ರಬಂಧ, ಮಕ್ಕಳ ನಾಟಕ. ಕೋಟದ ಕಾರಂತರ ಕಾದಂಬರಿಗಳ ರಾಶಿಯನ್ನು ಎದುರಿಗಿಟ್ಟು ತೂಗುವುದು ಬೇರೆ.

ಕುಂದಾಪುರದ ಪಕ್ಕದ ನಮ್ಮ ಬಸ್ರೂರಿನಲ್ಲಿ ಕೂತು ಈ ಮಾತು ಕೇಳಿದರೆ ಇನ್ನೂ ಕೆರಳುತ್ತದೆ. ಪೋರ್ಚುಗೀಸರು ಬಾರ್ಸೆಲೋರ್ ಎಂದು ಕರೆದ, ಅಕ್ಕಿ ತುಂಬಿದ ಹಡಗುಗಳು ಹೊರಡುತ್ತಿದ್ದ, 1665ರಲ್ಲಿ ಶಿವಾಜಿ ಕಡಲದಾರಿಯಲ್ಲಿ ಬಂದು ಸೂರೆ ಮಾಡಿದ ಬಂದರು ಇದು. ನಮ್ಮೂರಿನ ಚರಿತ್ರೆಯಲ್ಲಿ ಹಡಗು, ಸೆಟ್ಟಿಕಾರರು, ಶಾಸನ, ಕೋಟೆ ಎಲ್ಲ ಉಂಟು. ವಿಲಾಸಕೇರಿ ಎಂಬ ಹೆಸರೂ ಉಂಟು. ಆ ಕೇರಿಯ ಹೆಂಗಸರು ಸಂಜೆ ಜಗಲಿಯಲ್ಲಿ ಏನು ಮಾತಾಡಿಕೊಂಡರು ಅನ್ನುವುದನ್ನು ಮಾತ್ರ ಯಾರೂ ಬರೆದಿಡಲಿಲ್ಲ. ಹರಹು ಅಂದರೆ ಬಂದರಿನ ಹರಹು ಮಾತ್ರವೇ?

ನವ್ಯದ ಶಿಖರ ಎಂದು ನಾವೆಲ್ಲ ಒಪ್ಪಿರುವ ‘ಸಂಸ್ಕಾರ’ವನ್ನೇ (1965) ನೋಡಿ. ನಾರಣಪ್ಪ ಕರೆತಂದ ಚಂದ್ರಿ ಕುಂದಾಪುರದವಳು. ಅಗ್ರಹಾರವಿಡೀ ಶಾಸ್ತ್ರ ಹುಡುಕುತ್ತ ಕೂತಾಗ ನಾರಣಪ್ಪನ ಹೆಣಕ್ಕೆ ಬೆಂಕಿ ಕಾಣಿಸಿದವಳು ಆಕೆ. ಕೊಟ್ಟ ಚಿನ್ನ ಕೆಲಸಕ್ಕೆ ಬಾರದೆ ಹೋದಾಗ ಮೀನಿನ ವ್ಯಾಪಾರಿ ಅಹಮದ್ ಬ್ಯಾರಿಯ ನೆರವಿನಿಂದ ರಾತ್ರೋರಾತ್ರಿ ದಹನ ಮುಗಿಸಿ, ಕುಂದಾಪುರಕ್ಕೆಂದು ಹೊರಟುಬಿಡುತ್ತಾಳೆ. ಅಲ್ಲಿಗೆ ಕಾದಂಬರಿ ಅವಳ ಕೈ ಬಿಡುತ್ತದೆ. ಆಮೇಲೆ ಅವಳಿರುವುದು ಪ್ರಾಣೇಶಾಚಾರ್ಯರ ಯೋಚನೆಯಲ್ಲಿ ಮಾತ್ರ. ಇಡೀ ಕಥೆಯಲ್ಲಿ ಮಾಡಬೇಕಾದ ಕೆಲಸ ಮಾಡಿ ಮುಗಿಸಿದವಳು ಅವಳೊಬ್ಬಳೇ. ಪುಟಗಳೆಲ್ಲ ಮಾಡಲಾರದವರ ಪಾಲಿಗೆ. ಚಂದ್ರಿ ಊರು ಸೇರಿದಳೆ, ಯಾರ ಮನೆಯ ಬಾಗಿಲು ತಟ್ಟಿದಳು, ಒಳಗಿನವರು ಏನೆಂದರು? ನವ್ಯಕ್ಕೆ ಈ ಪ್ರಶ್ನೆ ಹುಟ್ಟಲೇ ಇಲ್ಲ.

ಆ ಊರಲ್ಲೇ 1945ರಲ್ಲಿ ವಕೀಲರ ತುಂಬುಮನೆಯಲ್ಲಿ ಜಾನಕಿ ಹುಟ್ಟಿದರು. ಓದಿದ್ದು ಭಂಡಾರ್ಕಾರ್ಸ್ ಕಾಲೇಜಿನಲ್ಲಿ, ಅದೂ ವಾಣಿಜ್ಯ. ‘ಸುಧಾ’ಕ್ಕೆ ಕಥೆ ಕಳಿಸಿ, ಅದರಲ್ಲಿ ನಿಜದ ಎಳೆ ಇದೆಯೆಂದು ಅಂಜಿ, ಪ್ರಕಟಿಸಬೇಡಿ ಎಂದು ಬರೆದರು. ಸಂಪಾದಕರು ವೈದೇಹಿ ಎಂದು ಹೆಸರಿಟ್ಟು ಅಚ್ಚು ಹಾಕಿದರು. ಆ ಅಂಜಿಕೆಯೇ ನನಗೆ ಮುಖ್ಯ. ಮನೆಯೊಳಗಿನ ನಿಜ ಬೀದಿಗೆ ಬಂದರೆ ಏನಾಗುತ್ತದೆಂದು ಬಲ್ಲವರು ಮಾತ್ರ ಹಾಗೆ ಅಂಜುತ್ತಾರೆ.

‘ಗುಲಾಬಿ ಟಾಕೀಸು’ ಕಥೆಯನ್ನು ಇನ್ನೊಮ್ಮೆ ಓದಿ. ಊರಿಗೆ ಟಾಕೀಸು ಬರುತ್ತದೆ. ಹೆಂಗಸರ ಬಾಗಿಲಿಗೆ ಗೇಟ್‌ಕೀಪರ್ ಆಗಿ ನಿಲ್ಲುವವಳು ಸೂಲಗಿತ್ತಿ ಲಿಲ್ಲೀಬಾಯಿ. ಹೆರಿಗೆಗೆಂದು ಎಲ್ಲರ ಮನೆಯ ಒಳಕೋಣೆ ಹೊಕ್ಕವಳು ಈಗ ಅದೇ ಹೆಂಗಸರನ್ನು ಕತ್ತಲ ಇನ್ನೊಂದು ಕೋಣೆಗೆ ಬಿಡುತ್ತಾಳೆ. ಒಂದು ಊರಿಗೆ ಆಧುನಿಕತೆ ಯಾವ ಬಾಗಿಲಿನಿಂದ ಬಂತು ಎಂದು ತೋರಿಸಲು ಇದಕ್ಕಿಂತ ದೊಡ್ಡ ಚಿತ್ರ ಬೇಕೆ? ಕಾಸರವಳ್ಳಿ 2008ರಲ್ಲಿ ಇದನ್ನು ಸಿನಿಮಾ ಮಾಡುವಾಗ ಕಡಲತಡಿ, ಮೀನುಗಾರಿಕೆ, ಕೋಮು ಎಲ್ಲ ಸೇರಿಸಿ ಹಿಗ್ಗಿಸಿದರು. ಸಿನಿಮಾ ಒಳ್ಳೆಯದೇ. ಆದರೂ ಆ ಬಾಗಿಲಲ್ಲಿ ನಿಂತ ಲಿಲ್ಲೀಬಾಯಿಯೇ ನನಗೆ ಹೆಚ್ಚು.

ಇನ್ನು ವೈದೇಹಿಯವರ ‘ಅಕ್ಕು’ ಕಥೆಯ ಅಕ್ಕು. ಗಂಡ ಬಿಟ್ಟುಹೋದ ಅವಳಿಗೆ ಮರ್ಲು ಎಂದು ಮನೆಯೇ ತೀರ್ಮಾನಿಸಿದೆ. ಮರ್ಲು ಅನ್ನುವ ನಮ್ಮ ಮಾತಿನಲ್ಲಿ ಹುಚ್ಚೂ ಇದೆ, ಸಲಿಗೆಯೂ ಇದೆ, ಬಾಯಿ ಮುಚ್ಚಿಸುವ ಉಪಾಯವೂ ಇದೆ. ಇದನ್ನು ‘ಪ್ರಾದೇಶಿಕ ಸೊಗಡು’ ಎಂದು ಬದಿಗಿಡುವ ವಿಮರ್ಶಕರಿಗೆ ಭಾಷೆಯ ಕಿವಿಯೇ ಇಲ್ಲ ಎಂದು ನಾನು ನಂಬಿದ್ದೇನೆ. ಕುಂದಗನ್ನಡ ಅವರಿಗೆ ವೇದಿಕೆಯ ಮೇಲೆ ನಗುವುದಕ್ಕೆ ಬೇಕು, ನೋವು ಹೇಳುವುದಕ್ಕೆ ಬೇಡ. ಗಾತ್ರವನ್ನೇ ಗಾಂಭೀರ್ಯ ಎಂದು ತಿಳಿಯುವ, ಒಬ್ಬ ಗಂಡಸಿನ ಧರ್ಮಸಂಕಟವಿದ್ದರೆ ಮಾತ್ರ ಅದನ್ನು ತಾತ್ವಿಕ ಎನ್ನುವ ರುಚಿ ಕನ್ನಡಕ್ಕೆ ಬಹಳ ಕೇಡು ಮಾಡಿದೆ. ಕಾರಂತರನ್ನು ನಾನು ಕಡೆಗಣಿಸುತ್ತಿಲ್ಲ. ‘ಮರಳಿ ಮಣ್ಣಿಗೆ’ಯ ಪಾರೋತಿ, ಸರಸೋತಿಯರ ದುಡಿಮೆಯನ್ನು ಅವರಂತೆ ಕಂಡವರಿಲ್ಲ. ಆದರೆ ಅವರು ಕಂಡದ್ದು ಅಂಗಳದಲ್ಲಿ ನಿಂತು.

ಪಠ್ಯ ಆರಿಸುವ ಮೇಷ್ಟ್ರುಗಳಲ್ಲಿ ನನ್ನದೊಂದು ಕೋರಿಕೆ. ‘ಸಂಸ್ಕಾರ’ವನ್ನು ಪಾಠ ಮಾಡುವ ವರ್ಷವೇ ‘ಗುಲಾಬಿ ಟಾಕೀಸ’ನ್ನೂ ಪಾಠ ಮಾಡಿ. ಚಂದ್ರಿ ಹೋದ ಊರಿನಲ್ಲಿ ಯಾರಿದ್ದರು ಎಂದು ಮಕ್ಕಳಿಗೆ ಗೊತ್ತಾಗಲಿ.